ದೊಮಿತಿಲಾ ಮಡಿಸಿದ ಅಂಗಿ

ಈ ಸಭೆಯ ಅಧ್ಯಕ್ಷತೆ ವಹಿಸಿರುವ ನೆರೆಹೊರೆ ಸಂಘದ ದೊನ್ ವಿಲಿಬಾಲ್ದೊ ತಾಪಿಯಾ ಅವರೇ, ಶಾಲೆಯ ಅಂಗಳವನ್ನು ನಮಗಾಗಿ ಗುಡಿಸಿ ನೀರು ಚಿಮುಕಿಸಿಕೊಟ್ಟ ಮುಖ್ಯೋಪಾಧ್ಯಾಯಿನಿ ಸೆನ್ಯೋರಿತಾ ಮಾರಿತ್ಸಾ ಅವರೇ, ಊರಿಗೆಲ್ಲ ಹಿರಿಯರಾಗಿ, ಎಂಬತ್ತೆಂಟರ ವಯಸ್ಸಿನಲ್ಲೂ ಎಲ್ಲರಿಗಿಂತ ಮೊದಲು ಬಂದು ಮುಂದಿನ ಸಾಲಿನಲ್ಲಿ ಶಾಲು ಹಾಸಿ ಜಾಗ ಹಿಡಿದ ದೊನ್ಯಾ ಸುನಿಲ್ದಾ ಅವರೇ, ಕುರ್ಚಿ ಸಿಗದೆ ಅಂಗಳದ ಬೇಲಿಯ ಆಚೆ ಕತ್ತೆಯ ಮೇಲೆಯೇ ಕುಳಿತಿರುವ ಮಹನೀಯರೇ, ಆಗ್ವಾ ಚೀಕಾದ ನನ್ನ ಸಮಸ್ತ ಸಭಿಕರೇ,

ಈಗ ತಾನೇ ನನ್ನ ಪರಿಚಯ ಪತ್ರವನ್ನು ಓದಿದರು. ಅದರಲ್ಲಿ ನನ್ನನ್ನು 'ವಿಶ್ವವಿಖ್ಯಾತ ನರ್ತಕಿ ಓರ್ಫೆಲಿನಾ ಕಾರ್ವಹಾಲ್' ಎಂದು ಕರೆಯಲಾಗಿದೆ. ಸಭಿಕರೇ, ನಾನು ಬದುಕಿನಲ್ಲಿ ಕುಣಿದದ್ದು ಒಂದೇ ಒಂದು ಸಲ, ಅದೂ ದೊನ್ ವಿಲಿಬಾಲ್ದೊ ಅವರ ಮದುವೆಯಲ್ಲಿ. ಆಗ ನಾನು ತುಳಿದದ್ದು ಅವರ ಕಾಲನ್ನೇ. ಅವರು ಇವತ್ತಿಗೂ ಆ ಕಾಲನ್ನು ನನ್ನಿಂದ ದೂರ ಇಟ್ಟುಕೊಂಡೇ ಕೂರುತ್ತಾರೆ, ನೋಡಿ.

ಹಾಗಾದರೆ ನಾನು ಯಾರು? ಹಾಡುವವಳಲ್ಲ, ಕುಣಿಯುವವಳಲ್ಲ, ನಾಟಕದವಳೂ ಅಲ್ಲ. ನಾಟಕದಲ್ಲಿ ನಾವು ಇನ್ನೊಬ್ಬರಾಗುತ್ತೇವೆ. ನನ್ನ ಕಲೆಯಲ್ಲಿ ನಾನು ನಾನಾಗಿಯೇ ಇದ್ದು ಒಂದು ಕೆಲಸ ಮಾಡುತ್ತೇನೆ, ಜನ ನಿಂತು ನೋಡುತ್ತಾರೆ. ಅಷ್ಟೇ. ಅದು ಮುಗಿದ ಮೇಲೆ ಗೋಡೆಗೆ ತೂಗುಹಾಕಲು ಏನೂ ಉಳಿಯುವುದಿಲ್ಲ. ಮಾಡಿದವಳ ಮೈಯಲ್ಲಿ ಒಂದಿಷ್ಟು ನೋವು ಉಳಿಯುತ್ತದೆ, ನೋಡಿದವರ ಮನಸ್ಸಿನಲ್ಲಿ ಒಂದಿಷ್ಟು ನೆನಪು. ಇದನ್ನು ಐವತ್ತು ವರ್ಷ, ಹನ್ನೊಂದು ದೇಶಗಳಲ್ಲಿ ಮಾಡಿದ್ದೇನೆ. ಚೆನ್ನಾಗಿ ಮಾಡಿದ್ದೇನೆ. ಇಲ್ಲಿ ಸುಮ್ಮನೆ ವಿನಯ ತೋರಿಸಿದರೆ ದೊನ್ಯಾ ಸುನಿಲ್ದಾ ನಂಬುವುದಿಲ್ಲ, ಏಕೆಂದರೆ ನಾನು ಆರು ವರ್ಷದವಳಿದ್ದಾಗ ಅವರ ಹಿತ್ತಿಲ ಗೋಡೆ ಹತ್ತಿ 'ಎಲ್ಲರೂ ನನ್ನನ್ನು ನೋಡಿ' ಎಂದು ಕೂಗಿದ್ದನ್ನು ಅವರು ಕಣ್ಣಾರೆ ಕಂಡವರು.

ಕಳೆದ ವರ್ಷ ರಾಜಧಾನಿಯ ಒಂದು ಕಲಾಶಾಲೆಯವರು ಬಂದು, ನಿಮ್ಮ ಜೀವಮಾನದ ಕೆಲಸವನ್ನೆಲ್ಲ ಸೇರಿಸಿ ದೊಡ್ಡ ಪ್ರದರ್ಶನ ಮಾಡುತ್ತೇವೆ ಎಂದರು. ಛಾಯಾಚಿತ್ರಗಳು, ಗಾಜಿನ ಪೆಟ್ಟಿಗೆಗಳು, ಪೆಟ್ಟಿಗೆಯೊಳಗೆ ನನ್ನ ಹಳೆಯ ಚಪ್ಪಲಿ. ನಾನು ಬೇಡ ಎಂದೆ. ಬದುಕಿರುವವಳ ಚಪ್ಪಲಿಯನ್ನು ಗಾಜಿನೊಳಗೆ ಇಟ್ಟರೆ ಅವಳು ಬರಿಗಾಲಲ್ಲಿ ಎಲ್ಲಿಗೆ ಹೋಗಬೇಕು? ನನ್ನ ಕೆಲಸಗಳನ್ನು ಇನ್ನೊಮ್ಮೆ ನೋಡಬೇಕೆಂದರೆ ಇನ್ನೊಮ್ಮೆ ಮಾಡಬೇಕು. ಮಾಡುವುದಾದರೆ ನನ್ನ ಊರಿನಲ್ಲಿ ಮಾಡಬೇಕು. ಇದೇ ನನ್ನ ತೀರ್ಮಾನವಾಗಿತ್ತು. ಎಪ್ಪತ್ತು ವರ್ಷದ ಮೊಣಕಾಲು ಬೇರೆ ತೀರ್ಮಾನ ಮಾಡಿತ್ತು ಎಂಬುದು ಆಮೇಲೆ ತಿಳಿಯಿತು.

ಮೊದಲು ನಾನು 'ಮೇಜು' ಮಾಡಿದೆ. ನೀವೆಲ್ಲ ಇದ್ದಿರಿ. ಆದರೆ ಅದರ ಹಿಂದಿನ ಕಥೆ ನಿಮಗೆ ಗೊತ್ತಿಲ್ಲ. ಸಾವಿರದ ಒಂಬೈನೂರ ಎಪ್ಪತ್ತೇಳರಲ್ಲಿ, ನನಗೆ ಇಪ್ಪತ್ತಮೂರು ವರ್ಷ. ರಾಜಧಾನಿ ಸಾಂತಿಯಾಗೊದ ಮುಖ್ಯ ಬೀದಿಯಲ್ಲಿ ಅಡುಗೆಮನೆಯ ಮೇಜೊಂದನ್ನು ಬೆನ್ನ ಮೇಲೆ ಹೊತ್ತು ನಡೆದೆ. ನಾಲ್ಕು ಜನ ಒಟ್ಟಿಗೆ ನಿಂತು ಮಾತಾಡಿದರೂ ಸೈನಿಕರು ಬಂದು ಚದುರಿಸುತ್ತಿದ್ದ ಕಾಲ ಅದು. ಎರಡು ಗಂಟೆ ನಡೆದ ಮೇಲೆ ಪೊಲೀಸಿನವನೊಬ್ಬ ತಡೆದ.

"ಏನಮ್ಮಾ ಇದು?"

"ಮೇಜು, ಸ್ವಾಮಿ."

"ಅದು ಕಾಣ್ಸುತ್ತೆ. ಎಲ್ಲಿಗೆ ಹೊತ್ಕೊಂಡು ಹೋಗ್ತಿದ್ದೀಯ?"

"ಮನೆ ಬದಲಾಯಿಸ್ತಿದ್ದೀನಿ."

"ಯಾವ ಮನೆಗೆ?"

"ಅದನ್ನೇ ಹುಡುಕ್ತಾ ಇದ್ದೀನಿ."

ನನ್ನನ್ನು ಒಂದು ದಿನ ಕೂರಿಸಿಕೊಂಡು ಬಿಟ್ಟರು. ಮೇಜನ್ನು ಮೂರು ತಿಂಗಳು ಬಿಡಲಿಲ್ಲ. ಅದರ ಮೇಲೆ ಅವರು ಊಟ ಮಾಡುತ್ತಿದ್ದರಂತೆ. ಆ ಕೆಲಸದ ಬಗ್ಗೆ ಪಂಡಿತರು ಬರೆದರು: ನೆಲೆಯಿಲ್ಲದ ಹೆಣ್ಣಿನ ಒಂಟಿತನ, ಯಾರೂ ಹಂಚಿಕೊಳ್ಳದ ಭಾರ, ಇತ್ಯಾದಿ. ಸರಿಯಾಗಿಯೇ ಬರೆದಿದ್ದರು. ಆ ಬೀದಿಯಲ್ಲಿ ಅಂದು ಸಾವಿರಾರು ಜನ ಇದ್ದರು, ಒಬ್ಬರೂ ಹತ್ತಿರ ಬರಲಿಲ್ಲ.

ಅದನ್ನೇ ಈ ಏಪ್ರಿಲಿನಲ್ಲಿ ಇಲ್ಲಿ ಮಾಡಿದಾಗ ಏನಾಯಿತು? ಇಗರ್ಜಿಯ ಮುಂದೆ ಮೇಜನ್ನು ಬೆನ್ನಿಗೇರಿಸಿಕೊಂಡೆ. ಇಪ್ಪತ್ತು ಹೆಜ್ಜೆ ಹಾಕಿರಲಿಲ್ಲ, ಭಾರ ಕಡಿಮೆಯಾಯಿತು. ತಿರುಗಿ ನೋಡಿದರೆ ದೊನ್ ವಿಲಿಬಾಲ್ದೊ ಒಂದು ಮೂಲೆ ಹಿಡಿದಿದ್ದಾರೆ. ಇನ್ನೊಂದು ಮೂಲೆಗೆ ಅವರ ಸೊಸೆ.

"ಬಿಡಿ ದೊನ್ ವಿಲಿ, ಇದನ್ನ ನಾನೊಬ್ಳೇ ಹೊರಬೇಕು. ಇದು ಕಲೆ."

"ಕಲೆನೋ ಕೊಳೆನೋ, ಹೆಂಗಸು ಒಬ್ಳೇ ಮೇಜು ಹೊರೋದನ್ನ ಕೈ ಕಟ್ಕೊಂಡು ನೋಡೋಕೆ ನಾವೇನು ಪಟ್ಟಣದವರಾ? ಎಲ್ಲಿಗೆ ಇಡ್ಬೇಕು, ಅದನ್ನ ಹೇಳು."

ನೀರಿನ ತೊಟ್ಟಿಯ ಹತ್ತಿರ ಇಡಬೇಕೆಂದೆ. ಇಟ್ಟಿರಿ. ಇಟ್ಟ ಮೇಲೆ ಯಾರೋ ಬೂದಿಯಲ್ಲಿ ಸುಟ್ಟ ರೊಟ್ಟಿ ತಂದರು, ಯಾರೋ ಚೀಸ್ ತಂದರು, ಕುಳಿತು ತಿಂದೆವು. ಒಂಟಿತನದ ಬಗೆಗಿನ ನನ್ನ ಮಹಾನ್ ಕೃತಿ ಆಗ್ವಾ ಚೀಕಾದಲ್ಲಿ ನಾಲ್ಕು ನಿಮಿಷ ಬಾಳಿತು. ಆ ಮಧ್ಯಾಹ್ನದಷ್ಟು ಸಂತೋಷದಿಂದ ನಾನು ಎಂದೂ ಸೋತಿರಲಿಲ್ಲ.

ಎರಡನೆಯದು 'ಹಾಲು'. ವಿದೇಶದ ಗ್ಯಾಲರಿಯೊಂದರಲ್ಲಿ, ಬಿಳಿಯ ಅಮೃತಶಿಲೆಯ ನೆಲದ ಮೇಲೆ, ರೇಷ್ಮೆ ಉಟ್ಟ ಜನರ ಮುಂದೆ ನಾನು ಮೇಕೆ ಕರೆದಿದ್ದೆ. ಅದರ ಬಗ್ಗೆ ಹನ್ನೊಂದು ಪುಟಗಳ ಲೇಖನ ಬಂತು. ಮೇಕೆ ಆ ಗ್ಯಾಲರಿಯ ಪರಿಚಯ ಪುಸ್ತಕವನ್ನು ತಿಂದದ್ದನ್ನು ಮಾತ್ರ ಯಾರೂ ಬರೆಯಲಿಲ್ಲ. ಇಲ್ಲಿ ಅದನ್ನು ಮಾಡಲು ಕುಳಿತಾಗ ದೊನ್ಯಾ ಸುನಿಲ್ದಾ ಕುರ್ಚಿಯಿಂದಲೇ ಕೂಗಿದರು:

"ಹೆಬ್ಬೆರಳನ್ನ ಎಲ್ಲಿಟ್ಟಿದ್ದೀಯೇ? ಆ ಪ್ರಾಣಿ ನಿಂಗೇನು ಪಾಪ ಮಾಡಿತ್ತು? ಎದ್ದೇಳು, ಎದ್ದೇಳು!"

ನನ್ನನ್ನು ಎಬ್ಬಿಸಿ ತಾವೇ ಕುಳಿತು ಕರೆದರು. ನಾನು ಪಕ್ಕದಲ್ಲಿ ಪಾತ್ರೆ ಹಿಡಿದು ನಿಂತೆ. ಈ ಊರಿನವರು ಪ್ರೇಕ್ಷಕರಾಗುವುದಿಲ್ಲ, ಇವರಿಗೆ ಸುಮ್ಮನೆ ನೋಡಲು ಬರುವುದಿಲ್ಲ ಎಂಬ ಪಾಠವನ್ನು ನಾನು ಆ ಹೊತ್ತಿಗೆ ಕಲಿತಿದ್ದೆ.

ಈಗ ಮೂರನೆಯದಕ್ಕೆ ಬರುತ್ತೇನೆ. ನೀವು ನನಗೆ ಇಂದು 'ಊರಿನ ಹೆಮ್ಮೆಯ ಮಗಳು' ಎಂಬ ಫಲಕ ಕೊಟ್ಟಿದ್ದೀರಿ. ಅದರ ಮೇಲೆ ಕೆತ್ತಿಸಿರುವುದು ಒಂದೇ ಕೃತಿಯ ಹೆಸರು, 'ಅಂಗಿ'. ನನ್ನನ್ನು ಜಗತ್ತು ಬಲ್ಲದ್ದು ಅದರಿಂದಲೇ.

ಅದು ಹೀಗೆ. ನಾನು ಗಂಡಸಿನ ಅಂಗಿಯೊಂದನ್ನು ಕೆಂಡದ ಇಸ್ತ್ರಿಪೆಟ್ಟಿಗೆಯಿಂದ ಇಸ್ತ್ರಿ ಮಾಡುತ್ತೇನೆ. ಮಡಿಸುತ್ತೇನೆ. ಎರಡೂ ಅಂಗೈಗಳ ಮೇಲೆ ಮಲಗಿಸಿಕೊಂಡು ಐದು ಗಂಟೆ ನಡೆಯುತ್ತೇನೆ. ಮುಚ್ಚಿದ ಬಾಗಿಲೊಂದರ ಮುಂದೆ ನಿಂತು ತಟ್ಟುತ್ತೇನೆ. ಬಾಗಿಲು ತೆರೆಯುವುದಿಲ್ಲ. ಹಿಂದಿರುಗುತ್ತೇನೆ. ಯಾರೂ ತೊಡದ ಆ ಅಂಗಿಯನ್ನು ಬಿಚ್ಚಿ, ಒಗೆದು, ಒಣಹಾಕಿ, ಮರುದಿನ ಮತ್ತೆ ಇಸ್ತ್ರಿ ಮಾಡುತ್ತೇನೆ. ಹೀಗೆ ಇಪ್ಪತ್ತು ದಿನ. ಜನ ಬಿಕ್ಕಿ ಬಿಕ್ಕಿ ಅತ್ತಿದ್ದಾರೆ. 'ಇದು ನಿಮಗೆ ಹೇಗೆ ಹೊಳೆಯಿತು?' ಎಂದು ಪ್ರತಿ ದೇಶದಲ್ಲೂ ಕೇಳಿದ್ದಾರೆ. ಪ್ರತಿ ದೇಶದಲ್ಲೂ ನಾನು ಒಂದೇ ಉತ್ತರ ಕೊಟ್ಟಿದ್ದೇನೆ: 'ಕನಸಿನಲ್ಲಿ ಬಂತು.'

ಸಭಿಕರೇ, ನಿಮ್ಮಲ್ಲಿ ಅರವತ್ತು ದಾಟಿದವರು ಈಗ ತಲೆ ತಗ್ಗಿಸಿದಿರಿ. ನನಗೆ ಕಾಣುತ್ತಿದೆ. ಕನಸಿನಲ್ಲಿ ಬಂದದ್ದಲ್ಲ ಎಂಬುದು ನಿಮಗೆ ಗೊತ್ತು. ಗೊತ್ತಿದ್ದೂ ಯಾರೂ ನನ್ನ ಮುಖಕ್ಕೆ ಹೇಳಲಿಲ್ಲ. ಅದಕ್ಕಾಗಿ ನಿಮಗೆ ಕೃತಜ್ಞತೆ ಹೇಳಬೇಕೋ, ನಿಮ್ಮನ್ನು ಬೈಯಬೇಕೋ, ನನಗೆ ಇನ್ನೂ ಗೊತ್ತಾಗಿಲ್ಲ.

ಕಿರಿಯರಿಗಾಗಿ ಹೇಳುತ್ತೇನೆ. ನನ್ನ ತಂದೆ ಅನ್ಸೆಲ್ಮೊ ಕಾರ್ವಹಾಲ್ ಬೆಟ್ಟದ ಆಚೆಯ ತಾಮ್ರದ ಗಣಿಯಲ್ಲಿ ಕೆಲಸಗಾರರ ಸಂಘದ ಕಾರ್ಯದರ್ಶಿ. ಸೈನ್ಯ ಅಧಿಕಾರ ಹಿಡಿದ ಮರುತಿಂಗಳು, ಎಪ್ಪತ್ತಮೂರರ ಅಕ್ಟೋಬರಿನಲ್ಲಿ, ಅವರನ್ನು ಹಿಡಿದುಕೊಂಡು ಹೋದರು. ನಾನು ರಾಜಧಾನಿಯಲ್ಲಿ ಓದುತ್ತಿದ್ದೆ. ಮನೆಯಲ್ಲಿದ್ದವರು ನನ್ನ ತಾಯಿ ದೊಮಿತಿಲಾ ಮತ್ತು ತಂಗಿ ಎರ್ಸೀಲಿಯಾ. ಎರ್ಸೀಲಿಯಾಗೆ ಆಗ ಹದಿನೈದು. ಅಮ್ಮ ಹದಿನೇಳು ಕಿಲೋಮೀಟರ್ ನಡೆದು ಪಟ್ಟಣಕ್ಕೆ ಹೋಗಿ ಸೈನಿಕರಿದ್ದ ಕಟ್ಟಡದ ಬಾಗಿಲು ತಟ್ಟಿದಳು. ಬಾಗಿಲಿನ ಸಣ್ಣ ಕಿಂಡಿಯಿಂದ ಒಬ್ಬ ಕಾವಲಿನವನು ಹೇಳಿದ:

"ಇವತ್ತು ನೋಡೋಕಾಗಲ್ಲ. ಮುಂದಿನ ಸಲ ಬರುವಾಗ ಒಗೆದಿರೋ ಅಂಗಿ ತನ್ನಿ."

ಅಂಗಿ ತರಲು ಹೇಳಿದರೆ ತೊಡುವವರು ಇದ್ದಾರೆ ಎಂದಲ್ಲವೇ ಅರ್ಥ? ಅಮ್ಮ ಹಾಗೆಯೇ ತಿಳಿದಳು. ಯಾರು ತಿಳಿಯುವುದಿಲ್ಲ? ಎರಡು ವಾರಕ್ಕೊಮ್ಮೆ, ಶನಿವಾರ, ಎಂಟು ವರ್ಷ. ನೀಲಿ ಗೆರೆಯ ಒಂದೇ ಅಂಗಿ. ಜೊತೆಗೆ ಎರ್ಸೀಲಿಯಾ. ಕಿಂಡಿ ಕೆಲವೊಮ್ಮೆ ತೆರೆಯುತ್ತಿತ್ತು, ಹೆಚ್ಚಾಗಿ ತೆರೆಯುತ್ತಿರಲಿಲ್ಲ. ಅಂಗಿಯನ್ನು ಮಾತ್ರ ಯಾರೂ ತೆಗೆದುಕೊಳ್ಳಲಿಲ್ಲ. ಅಪ್ಪನೂ ಹಿಂದಿರುಗಲಿಲ್ಲ.

ನಾನು ಅವರ ಜೊತೆ ಹೋದದ್ದು ಒಂದೇ ಸಲ, ಎಪ್ಪತ್ತಾರರ ಬೇಸಿಗೆ ರಜೆಯಲ್ಲಿ. ದಾರಿಯುದ್ದಕ್ಕೂ ಅಮ್ಮ ಅಂಗಿಯನ್ನು ಅಂಗೈಗಳ ಮೇಲೆ ಮಲಗಿಸಿಕೊಂಡು ನಡೆದಳು. ಚೀಲಕ್ಕೆ ಹಾಕು ಎಂದರೆ, "ಮುದುಡುತ್ತೆ ಕಣೇ" ಎಂದಳು. ಮನೆಗೆ ಬಂದ ಕೂಡಲೇ ಅದನ್ನು ನೀರಿಗೆ ಹಾಕಿದಳು.

"ಯಾರೂ ತೊಟ್ಟೇ ಇಲ್ವಲ್ಲಮ್ಮಾ, ಯಾಕೆ ಒಗೀತೀಯ?"

"ದಾರಿ ಧೂಳು ಕುಡಿದಿದೆ. ಅವರ ಮೈಗೆ ಧೂಳು ಆಗಿಬರಲ್ಲ."

ಎರಡು ವರ್ಷದ ನಂತರ, ಸಾಂತಿಯಾಗೊದಲ್ಲಿ ಗೆಳತಿಯೊಬ್ಬಳ ಸೈಕಲ್ ರಿಪೇರಿ ಅಂಗಡಿಯ ಹಿಂದೆ, ಹದಿನಾಲ್ಕು ಜನರ ಮುಂದೆ ನಾನು ಮೊದಲ ಬಾರಿ 'ಅಂಗಿ' ಮಾಡಿದೆ. ಅಂದು ಕನಸು ಎಂದು ಹೇಳಿದ್ದು ಭಯದಿಂದ. ಅಮ್ಮನ ಹೆಸರು ಹೇಳಿದರೆ ಅಮ್ಮನ ಮನೆಗೆ ಯಾರು ಬರುತ್ತಾರೆಂದು ನಮಗೆಲ್ಲ ಗೊತ್ತಿತ್ತು. ಎಂಬತ್ತೆರಡರಲ್ಲಿ ದೇಶ ಬಿಟ್ಟೆ. ಹೊರಗೂ ಅದನ್ನೇ ಹೇಳಿದೆ. ಭಯ ಇತ್ತು, ಸುಳ್ಳಲ್ಲ. ಆದರೆ ತೊಂಬತ್ತರಲ್ಲಿ ಸೈನಿಕರು ಅಧಿಕಾರ ಬಿಟ್ಟು ಹೋದರು. ಅದಾದ ಮೇಲೂ ಕನಸು ಎಂದೇ ಏಕೆ ಹೇಳಿದೆ? ಈ ಪ್ರಶ್ನೆಯನ್ನು ನಾನು ಕನ್ನಡಿಯ ಮುಂದೆ ನಿಂತು ಕೇಳಿಕೊಂಡಿದ್ದೇನೆ. ಉತ್ತರ ಚಂದವಿಲ್ಲ. ಕನಸು ಎಂದರೆ ಕೃತಿ ನನ್ನದು. ಅಮ್ಮ ಎಂದರೆ ನಾನು ನೋಡಿ ಕಲಿತವಳು. ಅಷ್ಟೇ ವ್ಯತ್ಯಾಸ.

ತೊಂಬತ್ತನಾಲ್ಕರ ಆಗಸ್ಟಿನಲ್ಲಿ ನಾನು ಸಮುದ್ರದಾಚೆಯ ನಗರವೊಂದರಲ್ಲಿ 'ಅಂಗಿ' ಮಾಡುತ್ತಿದ್ದೆ. ಎಂಟನೆಯ ದಿನ ನಮ್ಮೂರಿನ ಅಂಗಡಿಯ ದೂರವಾಣಿಯಿಂದ ಕರೆ ಬಂತು: ಅಮ್ಮ ಹಾಸಿಗೆ ಹಿಡಿದಿದ್ದಾಳೆ, ಬಾ. ಹನ್ನೊಂದನೆಯ ದಿನ ಮತ್ತೆ ಕರೆ: ಅಮ್ಮ ಹೋದಳು, ಮಣ್ಣಿಗಾದರೂ ಬಾ. ಅಲ್ಲಿಯವರು, 'ನೀವು ಹೋಗಿ, ನಾವು ಬಾಗಿಲು ಮುಚ್ಚುತ್ತೇವೆ' ಎಂದರು. ನಾನು ಹೋಗಲಿಲ್ಲ. ಇಪ್ಪತ್ತು ದಿನ ಎಂದು ಹೇಳಿದ್ದೇನೆ, ಇಪ್ಪತ್ತು ದಿನ ಮಾಡುತ್ತೇನೆ ಎಂದೆ. ಅಮ್ಮನಿಗಾಗಿಯೇ ಮಾಡುತ್ತಿದ್ದೇನೆ ಎಂದು ನನಗೆ ನಾನೇ ಹೇಳಿಕೊಂಡೆ. ಪತ್ರಿಕೆಗಳು ಅದನ್ನು ನಿಷ್ಠೆ ಎಂದು ಕರೆದವು. ಆ ಒಂಬತ್ತು ದಿನ ನಾನು ಮಾಡಿದಷ್ಟು ಚೆನ್ನಾಗಿ 'ಅಂಗಿ'ಯನ್ನು ಯಾವತ್ತೂ ಮಾಡಿಲ್ಲ. ಇದನ್ನು ಹೇಳಬೇಕೆಂದು ಬರೆದುಕೊಂಡು ಬಂದಿರಲಿಲ್ಲ. ಇರಲಿ, ಹೇಳಿಯಾಯಿತು.

ಮರುವರ್ಷ ಊರಿಗೆ ಬಂದೆ. ನಮ್ಮ ಮನೆಯ ಮುಳ್ಳುಬೇಲಿಯ ಆಚೆ ಎರ್ಸೀಲಿಯಾ ನಿಂತಿದ್ದಳು. ಕೈಯಲ್ಲಿ ಮೇಕೆಮರಿ. ನನ್ನನ್ನು ಮೇಲಿಂದ ಕೆಳಗೆ ನೋಡಿ ಕೇಳಿದಳು:

"ಯಾರು ಬೇಕಿತ್ತು, ಅಮ್ಮಾವ್ರೇ? ಯಾರನ್ನ ಕೇಳ್ಕೊಂಡು ಬಂದ್ರಿ?"

ಅಷ್ಟೇ. ಒಡಹುಟ್ಟಿದವಳು ನನ್ನನ್ನು 'ಅಮ್ಮಾವ್ರೇ' ಎಂದಳು. ಅದಾದ ಮೇಲೆ ಇಪ್ಪತ್ತೊಂಬತ್ತು ವರ್ಷ ಅವಳು ನನ್ನೊಂದಿಗೆ ಮಾತಾಡಲಿಲ್ಲ. ಈ ವರ್ಷ ನಾನು ಬಂದು ಇಗರ್ಜಿಯ ಪಕ್ಕದ ಕೋಣೆಯಲ್ಲಿ ಇಳಿದುಕೊಂಡಾಗಲೂ ಇಲ್ಲ. ಮೇಜು ಹೊತ್ತ ದಿನ ಬರಲಿಲ್ಲ, ಹಾಲು ಕರೆದ ದಿನ ಬರಲಿಲ್ಲ.

ಮೇ ತಿಂಗಳ ಆ ಶನಿವಾರ ನೆನಪಿದೆಯಲ್ಲ? ಬೆಳಿಗ್ಗೆ ಏಳಕ್ಕೆ ಇದೇ ಅಂಗಳದಲ್ಲಿ 'ಅಂಗಿ' ಎಂದು ಅಂಗಡಿಯ ಹಲಗೆಯ ಮೇಲೆ ಬರೆಸಿದ್ದೆ. ಇಲ್ಲಿಂದ ಪಟ್ಟಣಕ್ಕೆ, ಅದೇ ಹಳೆಯ ದಾರಿ. ನೀವು ಬಂದಿರಿ. ಯಾರೂ ನಗಲಿಲ್ಲ, ಯಾರೂ ಇಸ್ತ್ರಿಪೆಟ್ಟಿಗೆ ಕಸಿದುಕೊಳ್ಳಲಿಲ್ಲ. ಗಂಡಸರು ಟೊಪ್ಪಿ ತೆಗೆದು ಕೈಯಲ್ಲಿ ಹಿಡಿದಿದ್ದಿರಿ. ನಾನು ಇಸ್ತ್ರಿ ಮುಗಿಸಿ, ಹನ್ನೊಂದು ದೇಶಗಳಲ್ಲಿ ಮಡಿಸಿದಂತೆ ತೋಳನ್ನು ಒಳಕ್ಕೆ ಮಡಿಸಿದೆ.

"ತೋಳು ಆಮೇಲೆ."

ಎರ್ಸೀಲಿಯಾ ಬಂದಿದ್ದಳು. ಏಪ್ರನ್ನಿಗೆ ಕೈ ಒರೆಸಿಕೊಳ್ಳುತ್ತಿದ್ದಳು, ಬೆರಳಿನಲ್ಲಿ ಹೆಪ್ಪಿನ ವಾಸನೆ.

"ಅಮ್ಮ ಕಾಲರ್‌ನಿಂದ ಶುರು ಮಾಡ್ತಿದ್ಳು. ಗುಂಡಿ ಹಾಕಿ, ಮಗುಚಿ, ಬೆನ್ನು ನೀವಿ, ಆಮೇಲೆ ತೋಳು. ತೋಳನ್ನ ಬೆನ್ನ ಹಿಂದೆ ಮಡಿಸ್ತಿರಲಿಲ್ಲ, ಕೈ ಕಟ್ಟಿದ ಹಾಗೆ ಕಾಣುತ್ತೆ ಅಂತ. ಮುಂದಕ್ಕೆ ತರ್ತಿದ್ಳು."

ಹೇಳಿ ಅಂಗಿಯನ್ನು ನನ್ನ ಕೈಯಿಂದ ತೆಗೆದುಕೊಂಡು ಮಡಿಸಿದಳು. ಎರಡು ತೋಳುಗಳೂ ಎದೆಯ ಮೇಲೆ ಬಂದು ಕುಳಿತವು. ನಾಲ್ಕು ದಶಕ ನಾನು ನನ್ನ ತಂದೆಯ ಕೈಗಳನ್ನು ಬೆನ್ನ ಹಿಂದೆ ಕಟ್ಟಿ ಊರೂರು ತಿರುಗಿಸಿದ್ದೆ, ಸಭಿಕರೇ.

ಅವಳು ಮನೆಗೆ ಹೋಗುತ್ತಾಳೆಂದುಕೊಂಡೆ. ಹೋಗಲಿಲ್ಲ. ನನಗಿಂತ ಹತ್ತು ಹೆಜ್ಜೆ ಮುಂದೆ ನಡೆಯತೊಡಗಿದಳು. ನಾನು ಅಂಗಿ ಹಿಡಿದು ಹಿಂದೆ. ನಮ್ಮ ಹಿಂದೆ ನೀವೊಂದಿಷ್ಟು ಜನ, ಎಲ್ಲರ ಹಿಂದೆ ದೊನ್ ವಿಲಿಬಾಲ್ದೊ ಚೀಸ್ ಸಾಗಿಸುವ ತಮ್ಮ ವ್ಯಾನಿನಲ್ಲಿ. ಒಣಹಳ್ಳದ ಇಳಿಜಾರು ತಲುಪುವ ಹೊತ್ತಿಗೆ ಎಂಟೊಂಬತ್ತು ಕಿಲೋಮೀಟರ್ ಆಗಿತ್ತು. ಅಲ್ಲಿ ನನ್ನ ಮೊಣಕಾಲು ಬಿಟ್ಟುಕೊಟ್ಟಿತು. ಅಂಗಿ ನೆಲಕ್ಕೆ ತಾಗದಂತೆ ಮೇಲೆ ಹಿಡಿದು, ಕಲ್ಲಿನ ಮೇಲೆ ಕುಸಿದು ಕುಳಿತೆ. ಎರ್ಸೀಲಿಯಾ ಹಿಂದಿರುಗಿ ಬಂದಳು.

"ಕೊಡು ಇಲ್ಲಿ."

"ಸ್ವಲ್ಪ ಸುಧಾರಿಸ್ಕೊಂಡು ನಾನೇ ನಡೀತೀನಿ. ಇದು ನನ್ನ ಕೃತಿ, ಎರ್ಸೀಲಿಯಾ."

"ನಿಂದಾ? ಇದ್ರಲ್ಲಿ ನಿಂದು ಯಾವುದು, ಹೇಳು ನೋಡೋಣ. ದಾರಿ ನಿಂದಾ? ಅಂಗಿ ನಿಂದಾ? ಅಪ್ಪ ನಿನಗೊಬ್ಳಿಗೇ ಅಪ್ಪನಾ? ನೀನು ಈ ದಾರೀಲಿ ಒಂದೇ ಒಂದು ಸಲ ಬಂದೋಳು. ಅದೂ ಅರ್ಧ ದಾರಿ ಕಾಲಲ್ಲಿ ಬೊಬ್ಬೆ ಬಂತು ಅಂತ ಅಳ್ತಾ. ನಾನು ಎಂಟು ವರ್ಷ ನಡ್ದೆ. ನನ್ನನ್ನ ಯಾವ ಊರಿನವರೂ ಕರೆದು ಚಪ್ಪಾಳೆ ತಟ್ಟಲಿಲ್ಲ."

ನೀವು ಅಲ್ಲೇ ನಿಂತಿದ್ದಿರಿ. ಎಲ್ಲರೂ ಬೆಟ್ಟ ನೋಡುತ್ತಿದ್ದಿರಿ. ಐವತ್ತು ವರ್ಷ ಜನರ ಮುಂದೆ ನಿಂತು ಮಾತಾಡಿದವಳು ನಾನು. ಅಂದು ಕೇಳಿದ್ದು ಇಷ್ಟೇ:

"ಅಮ್ಮನಿಗೆ ಗೊತ್ತಿತ್ತಾ?"

ಅವಳು ಏಪ್ರನ್ನಿನ ತುದಿಯಿಂದ ಮುಖದ ಧೂಳು ಒರೆಸಿಕೊಂಡಳು. ಆಮೇಲೆ ನನ್ನ ಪಕ್ಕದ ಕಲ್ಲಿನ ಮೇಲೆ ಕುಳಿತಳು.

"ಎಂಬತ್ತೆಂಟರಲ್ಲಿ ಇಗರ್ಜಿಯ ಪಾದ್ರಿ ಒಂದು ಪತ್ರಿಕೆ ತಂದ್ಕೊಟ್ರು. ಅದ್ರಲ್ಲಿ ನಿನ್ನ ಫೋಟೊ. ಕೈಯಲ್ಲಿ ಅಂಗಿ. ನಾನು ಹರಿದು ಒಲೆಗೆ ಹಾಕ್ತೀನಿ ಅಂದೆ. ಅಮ್ಮ ಕಿತ್ಕೊಂಡ್ಳು. ಕಿಟಕಿ ಹತ್ರ ಹಿಡ್ಕೊಂಡು ನೋಡಿ ನೋಡಿ, 'ಅಂಗಿ ಎಷ್ಟು ದೂರ ಹೋಗಿದೆ ನೋಡೇ. ಅಷ್ಟು ದೊಡ್ಡ ಊರುಗಳಲ್ಲಿ ಯಾರಾದ್ರೂ ಒಬ್ರು ಬಾಗಿಲು ತೆಗೆದಾರು' ಅಂದ್ಳು. ನಿನಗೆ ಬೈಲಿಲ್ಲ. ಒಂದು ಮಾತು ಬೈಲಿಲ್ಲ. ಸಾಯೋ ತನಕ, ನೀನು ಅಂಗಿ ತಗೊಂಡು ಬಾಗಿಲು ತಟ್ತಾ ಇದ್ದೀಯ ಅಂತಲೇ ಹೇಳ್ತಿದ್ಳು. ನೀನು ಮಣ್ಣಿಗೆ ಬರದೇ ಇದ್ದಾಗ ಊರವರೆಲ್ಲ ನಿನಗೆ ಶಾಪ ಹಾಕಿದ್ರು. ಅಮ್ಮ ಇದ್ದಿದ್ರೆ 'ಅವಳು ಕೆಲಸದ ಮೇಲಿದ್ದಾಳೆ' ಅಂತಿದ್ಳು. ಅದಕ್ಕೇ ನನಗೆ ನಿನ್ನ ಮೇಲೆ ಇಷ್ಟು ಸಿಟ್ಟು."

"ಆ ಹಳೇ ಅಂಗಿ ಎಲ್ಲಿ?"

"ಅಮ್ಮನ ತಲೆ ಕೆಳಗೆ ಇಟ್ಟೆ. ಜೊತೇಲೇ ಹೋಯ್ತು."

ಅಷ್ಟು ಹೇಳಿ ಎದ್ದು, ನನ್ನ ಅಂಗೈಗಳ ಮೇಲಿದ್ದ ಅಂಗಿಯನ್ನು ತನ್ನ ಅಂಗೈಗಳ ಮೇಲೆ ತೆಗೆದುಕೊಂಡಳು. ನಾನು ಕೊಟ್ಟೆ. ನನ್ನನ್ನು ನೀವು ವ್ಯಾನಿನ ಮುಂದಿನ ಸೀಟಿಗೆ ಹತ್ತಿಸಿದಿರಿ. ಉಳಿದ ದಾರಿಯುದ್ದಕ್ಕೂ ವ್ಯಾನು ಅವಳ ಹಿಂದೆ ನಡಿಗೆಯ ವೇಗದಲ್ಲಿ ಬಂತು, ನಾನು ಗಾಜಿನ ಹಿಂದೆ ಕುಳಿತು ನೋಡಿದೆ.

ಕಲಾವಿದೆಯಾಗಿ ಹೇಳುತ್ತೇನೆ, ಕೇಳಿ. ಅವಳು ಮುಖದಲ್ಲಿ ಏನನ್ನೂ ತೋರಿಸಲಿಲ್ಲ. ಹೆಜ್ಜೆ ನಿಧಾನ ಮಾಡಲಿಲ್ಲ, ಜೋರು ಮಾಡಲಿಲ್ಲ. ಗಾಳಿ ಬಂದಾಗ ಹೆಬ್ಬೆರಳುಗಳಿಂದ ಅಂಗಿಯ ಅಂಚನ್ನು ಒತ್ತಿ ಹಿಡಿಯುತ್ತಿದ್ದಳು, ಗಾಳಿ ಹೋದ ಕೂಡಲೇ ಸಡಿಲಿಸುತ್ತಿದ್ದಳು. ಆ ಹೆಬ್ಬೆರಳುಗಳ ಕೆಲಸ ನನಗೆ ಎಂದೂ ಗೊತ್ತಿರಲಿಲ್ಲ, ಏಕೆಂದರೆ ನಾನು ನಡೆದ ಸಭಾಂಗಣಗಳಲ್ಲಿ ಗಾಳಿ ಇರಲಿಲ್ಲ. ನನ್ನ ಜೀವಮಾನದಲ್ಲಿ ನಾನು ಕಂಡ ಅತ್ಯುತ್ತಮ ಪ್ರದರ್ಶನ ಅದು. ಅದನ್ನು ಮಾಡಿದವಳಿಗೆ ತಾನು ಏನನ್ನಾದರೂ ಮಾಡುತ್ತಿದ್ದೇನೆಂಬ ಯೋಚನೆಯೇ ಇರಲಿಲ್ಲ.

ಪಟ್ಟಣ ತಲುಪಿದಾಗ ಮಧ್ಯಾಹ್ನ ಎರಡು ದಾಟಿತ್ತು. ಆ ಕಟ್ಟಡದಲ್ಲಿ ಈಗ ಕನ್ನಡಕದ ಅಂಗಡಿ ಇದೆ. ಎರ್ಸೀಲಿಯಾ ಬಾಗಿಲಿನ ಮುಂದೆ ನಿಂತಳು, ತಟ್ಟಲಿಲ್ಲ. ಅಂಗಡಿಯ ಹೆಂಗಸು ತಾನಾಗಿಯೇ ಬಾಗಿಲು ತೆರೆದು ಹೊರಗೆ ಬಂದಳು.

"ಬನ್ನಿ ದೊನ್ಯಾ, ಒಳಗೆ ಬನ್ನಿ. ಯಾರು ಬೇಕಾಗಿತ್ತು?"

"ಯಾರೂ ಇಲ್ಲಮ್ಮ. ಸ್ವಲ್ಪ ಹೊತ್ತು ನಿಂತು ಹೋಗ್ತೀವಿ."

ಆ ಹೆಂಗಸು ಬಾಗಿಲನ್ನು ತೆರೆದೇ ಇಟ್ಟು ಒಳಗೆ ಹೋಗಿ ಎರಡು ಲೋಟ ನೀರು ತಂದಳು. ಕುಡಿದೆವು. ಸಮುದ್ರದ ಕಡೆಯ ತಣ್ಣನೆ ಗಾಳಿ ಬೀಸತೊಡಗಿತು. ಎರ್ಸೀಲಿಯಾ ಅಷ್ಟು ದೂರದಿಂದ ಒಂದು ಸುಕ್ಕೂ ಬೀಳದಂತೆ ತಂದಿದ್ದ ಅಂಗಿಯನ್ನು ಕೊಡವಿ, ಬಿಚ್ಚಿ, ತನ್ನ ರವಿಕೆಯ ಮೇಲೆ ತೊಟ್ಟುಕೊಂಡಳು. ತೋಳು ಉದ್ದವಾಯಿತು. ಮಡಿಸಿಕೊಂಡಳು.

"ಏನೇ ಇದು?" ಎಂದೆ.

"ಚಳಿ" ಎಂದಳು.

ಸಭಿಕರೇ, ನನ್ನ 'ಅಂಗಿ' ಅಲ್ಲಿಗೆ ಮುಗಿಯಿತು. ಇನ್ನು ನಾನು ಅದನ್ನು ಎಲ್ಲಿಯೂ ಮಾಡುವುದಿಲ್ಲ. ಆ ಕೃತಿಯ ದಾಖಲೆಗಳಿರುವ ಐದು ಸಂಗ್ರಹಾಲಯಗಳಿಗೆ ಪತ್ರ ಬರೆದಿದ್ದೇನೆ. ಹೆಸರಿನ ಚೀಟಿಯನ್ನು ಬದಲಿಸಿ ಎಂದು ಕೇಳಿದ್ದೇನೆ: ಮಾಡಿದವರು ದೊಮಿತಿಲಾ ಕೊರ್ತೇಸ್ ಮತ್ತು ಅವರ ಕಿರಿಯ ಮಗಳು ಎರ್ಸೀಲಿಯಾ ಕಾರ್ವಹಾಲ್, ಅವರನ್ನು ನೋಡಿ ಮಾಡಿದವಳು ಹಿರಿಯ ಮಗಳು. ಇಬ್ಬರು ಒಪ್ಪಿದ್ದಾರೆ. ಇಬ್ಬರು ಉತ್ತರಿಸಿಲ್ಲ. ಒಬ್ಬರು ಬಹಳ ಮರ್ಯಾದೆಯಿಂದ ಕೇಳಿದ್ದಾರೆ, ನಿಮ್ಮ ತಾಯಿಯವರ ಮೂಲ ಪ್ರದರ್ಶನದ ಛಾಯಾಚಿತ್ರಗಳೇನಾದರೂ ಇವೆಯೇ ಎಂದು. ಇಲ್ಲ, ದಾರಿ ಇದೆ, ಬಂದು ನಡೆಯಿರಿ ಎಂದು ಬರೆದಿದ್ದೇನೆ. ನನ್ನಲ್ಲಿ ನನ್ನದೇ ಆದ ಕೃತಿಗಳು ಇನ್ನೂ ಇಪ್ಪತ್ತೆರಡಿವೆ, ಅವುಗಳ ಬಗ್ಗೆ ನಾನು ತಲೆಯೆತ್ತಿಯೇ ಮಾತಾಡುತ್ತೇನೆ. ಆದರೆ ಈ ಫಲಕವನ್ನು ದಯವಿಟ್ಟು ವಾಪಸು ತೆಗೆದುಕೊಂಡು ಇನ್ನೊಮ್ಮೆ ಕೆತ್ತಿಸಿ. 'ಮೇಜು' ಎಂದು ಕೆತ್ತಿಸಿ. ಅದನ್ನು ನಾವೆಲ್ಲರೂ ಸೇರಿ ಹೊತ್ತಿದ್ದೇವೆ.

ಎರ್ಸೀಲಿಯಾ ನನ್ನನ್ನು ಕ್ಷಮಿಸಿದ್ದಾಳೆಯೇ? ನನಗೆ ಗೊತ್ತಿಲ್ಲ. ಅವಳು ಹೇಳಿಲ್ಲ, ನಾನು ಕೇಳಿಲ್ಲ. ಕಳೆದ ತಿಂಗಳಿನಿಂದ ನಾನು ಅವಳ ಮನೆಯಲ್ಲಿದ್ದೇನೆ. ಪ್ರತಿದಿನ ನನ್ನನ್ನು ಬೈಯುತ್ತಾಳೆ: ಬಕೆಟ್ಟನ್ನು ಅಲ್ಲಿ ಏಕಿಟ್ಟೆ, ಮರಿಗಳ ಬಾಗಿಲನ್ನು ಏಕೆ ತೆರೆದೆ, ಚೀಸನ್ನು ಹಾಗೆ ಒತ್ತುತ್ತಾರೆಯೇ ಎಂದು. 'ಅಮ್ಮಾವ್ರೇ' ಎನ್ನುವುದಿಲ್ಲ. 'ಅಕ್ಕ' ಎಂದು ಬೈಯುತ್ತಾಳೆ. ಇಂದು ಈ ಸಭೆಗೆ ಬಂದಿದ್ದಾಳೆ. ವೇದಿಕೆಗೆ ಕರೆದರೆ ಎದ್ದು ಹೋಗುತ್ತೇನೆ ಎಂದು ಮೊದಲೇ ಎಚ್ಚರಿಸಿದ್ದಾಳೆ, ಆದ್ದರಿಂದ ಕರೆಯುವುದಿಲ್ಲ. ನೀವೂ ತಿರುಗಿ ನೋಡಬೇಡಿ.

ನೋಡಿದಿರಿ. ನೋಡಬೇಡಿ ಎಂದರೂ ನೋಡಿದಿರಿ. ಈಗ ಎದ್ದಳು ನೋಡಿ. ಇಲ್ಲ, ಇಲ್ಲ, ಕೋಪದಿಂದಲ್ಲ. ಐದು ಗಂಟೆಯಾಯಿತು, ಬೆಟ್ಟದಿಂದ ಮೇಕೆಗಳು ಇಳಿಯುವ ಹೊತ್ತು. ಇನ್ನರ್ಧ ಗಂಟೆಯಲ್ಲಿ ರೊಪ್ಪಕ್ಕೆ ಕೂಡದಿದ್ದರೆ ನರಿಯ ಪಾಲು. ಎಂಬತ್ತು ಮೇಕೆಗಳನ್ನು ಅವಳೊಬ್ಬಳೇ ಕೂಡಲಾರಳು.

ಅಧ್ಯಕ್ಷರೇ, ನಿಮ್ಮ ಕಾರ್ಯಕ್ರಮ ಪಟ್ಟಿಯಲ್ಲಿ ನನ್ನ ಮಾತಿನ ನಂತರ 'ಸನ್ಮಾನಿತರಿಂದ ಕಲಾ ಪ್ರದರ್ಶನ, ಒಂದು ಗಂಟೆ' ಎಂದು ಅಚ್ಚಾಗಿದೆ. ಅದು ನಡೆಯುವುದಿಲ್ಲ. ಮಾತು ಕೊಟ್ಟದ್ದನ್ನು ಅರ್ಧಕ್ಕೆ ಬಿಟ್ಟು ಹೋಗುವುದು ನನಗೆ ಇದೇ ಮೊದಲು, ಹೇಗೆ ಹೋಗಬೇಕೆಂಬ ಅಭ್ಯಾಸವಿಲ್ಲ, ತಪ್ಪಿದ್ದರೆ ಮನ್ನಿಸಿ. ಸೆನ್ಯೋರಿತಾ ಮಾರಿತ್ಸಾ, ಆ ಒಂದು ಗಂಟೆಯನ್ನು ನಿಮ್ಮ ಮಕ್ಕಳ ಹಾಡಿಗೆ ಕೊಡಿ. ದೊನ್ಯಾ ಸುನಿಲ್ದಾ, ನನ್ನ ಕೋಲು ನಿಮ್ಮ ಕುರ್ಚಿಯ ಕೆಳಗಿದೆ, ಇತ್ತ ಕೊಡಿ.

ಏ ಎರ್ಸೀಲಿಯಾ, ನಿಲ್ಲೇ, ಬಂದೆ!

ಕುಳಿತು ಕೇಳಿದ ನಿಮಗೆ, ಮೇಜಿನ ಮೂಲೆ ಹಿಡಿದ ನಿಮಗೆ, ದಾರಿ ಬಿಡುತ್ತಿರುವ ನಿಮಗೆ, ಎಲ್ಲರಿಗೂ ನನ್ನ ಧನ್ಯವಾದಗಳು. ನಮಸ್ಕಾರ.